ತೊಗಲುಗೊಂಬೆಯೂ ಅಂಗೈಯ ಪರದೆಯೂ

ಧಾರವಾಡ ಜಿಲ್ಲೆಯ ಮಿಶ್ರಿಕೋಟಿಯಲ್ಲಿ ಒಂದು ಸಂಜೆ ಕಂಡ ಸಣ್ಣ ಪ್ರಸಂಗವೊಂದು ನನ್ನ ಮನಸ್ಸಿನಿಂದ ಇನ್ನೂ ಮರೆಯಾಗಿಲ್ಲ. ಕಾಲೇಜಿನಲ್ಲಿ ಓದುವ ತರುಣನೊಬ್ಬ ಕಟ್ಟೆಯ ಮೇಲೆ ಕುಳಿತು ಮೊಬೈಲಿನಲ್ಲಿ ಜಾವಾದ್ವೀಪದ ಗೊಂಬೆಯಾಟವನ್ನು ನೋಡುತ್ತಿದ್ದ. ಪಕ್ಕದಲ್ಲಿದ್ದ ಅವನ ಅಜ್ಜ ಇಣುಕಿ ನೋಡಿ, “ಇಂವ ಭೀಮ ಅಲ್ಲೇನೋ ತಮ್ಮಾ?” ಎಂದರು. ಭಾಷೆ ತಿಳಿಯದು, ವೇಷ ಬೇರೆ. ಆದರೂ ಊಹೆ ತಪ್ಪಿರಲಿಲ್ಲ.

ಇಂಡೋನೇಷಿಯದ ಜನರಲ್ಲಿ ನೂರಕ್ಕೆ 80ಕ್ಕಿಂತ ಹೆಚ್ಚು ಮಂದಿ ಮುಸಲ್ಮಾನರು. ಆದರೂ ಅಲ್ಲಿಯ ‘ವಾಯಾಂಗ್ ಕುಲಿತ್’ ಪಾಂಡವರ ಕಥೆಯನ್ನು ಬಿಟ್ಟಿಲ್ಲ. ‘ಕುಲಿತ್’ ಎಂದರೆ ತೊಗಲೆಂದೇ ಅರ್ಥ. ವ್ಯಾಸರು ಕಾಣದ ಸೆಮಾರ್, ಗಾರೆಂಗ್, ಪೆತ್ರುಕ್, ಬಾಗೋಂಗ್ ಎಂಬ ಸೇವಕರು ಆಟದ ನಡುವೆ ಬಂದು, ಆಡುಮಾತಿನಲ್ಲಿ ಇಂದಿನ ಲೋಕವನ್ನೇ ಪರಿಹಾಸ ಮಾಡುತ್ತಾರೆ. ನಮ್ಮ ಕಿಳ್ಳೇಕ್ಯಾತ, ಬಂಗಾರಕ್ಕರು ಇವರ ಬಂಧುಗಳೇ ಸರಿ. 2020ರಲ್ಲಿ ತೀರಿಕೊಂಡ ಯೋಗ್ಯಕರ್ತದ ಸೂತ್ರಧಾರ ಸೆನೊ ನುಗ್ರೊಹೊ ಬಾಗೋಂಗನ ಮಾತಿನಿಂದಲೇ ಜನಪ್ರಿಯನಾದವನು. ಅವನ ಆಟಗಳನ್ನು ತರುಣರು ಯೂಟ್ಯೂಬಿನಲ್ಲಿಯೂ ನೋಡಿದರು.

ಹಾಡಿನ ಲೋಕದಲ್ಲಿಯೂ ಇದೇ ಧೈರ್ಯ ಕಾಣುತ್ತದೆ. ತಬಲೆಯಂಥ ವಾದ್ಯದ ನಾದದಿಂದಲೇ ಹೆಸರು ಪಡೆದ ‘ದಂಗ್‌ದುತ್’ ಗೀತಪ್ರಕಾರ, ಮಲಯ ಮತ್ತು ಅರಬ್ಬೀ ಧಾಟಿಗಳೊಡನೆ ನಮ್ಮ ಹಿಂದೀ ಚಿತ್ರಗೀತೆಗಳನ್ನೂ ಅರಗಿಸಿಕೊಂಡು ಬೆಳೆಯಿತು. 1970ರ ದಶಕದಲ್ಲಿ ರೋಮಾ ಇರಾಮಾ ಅದಕ್ಕೆ ಪಾಶ್ಚಾತ್ಯ ರಾಕ್ ಸಂಗೀತದ ಗಿಟಾರನ್ನೂ ಕೂಡಿಸಿದನು. ದೇಶದ ರಾಷ್ಟ್ರಭಾಷೆ ಇಂಡೋನೇಷಿಯನ್. ಆದರೆ ದಿದಿ ಕೆಂಪೊತ್ ತನ್ನ ಜಾವಾ ಭಾಷೆಯಲ್ಲಿಯೇ ವಿರಹವನ್ನು ಹಾಡಿದನು. 2020ರಲ್ಲಿ ಅವನು ತೀರಿಕೊಳ್ಳುವುದಕ್ಕೆ ಹಿಂದಿನ ವರ್ಷ, ಮಕ್ಕಳ ವಯಸ್ಸಿನ ಸಹಸ್ರಾರು ಶ್ರೋತೃಗಳು ಅವನೊಡನೆ ದನಿಗೂಡಿಸಿದ್ದರು.

ನಮ್ಮಲ್ಲಿ ಇಂಥ ಪ್ರತಿಭೆ ಇಲ್ಲದೆ ಇಲ್ಲ. ಬಳ್ಳಾರಿಯ ಬೆಳಗಲ್ಲು ವೀರಣ್ಣನವರು ಸ್ವಾತಂತ್ರ್ಯ ಸಂಗ್ರಾಮದ ಕಥೆಯನ್ನು ತೊಗಲುಗೊಂಬೆಗಳಿಂದ ಆಡಿಸಿದರು. 2023ರಲ್ಲಿ ಅವರನ್ನು ಕಳೆದುಕೊಂಡೆವು. ಕೊಪ್ಪಳ ಜಿಲ್ಲೆಯ ಮೋರನಾಳದ ಭೀಮವ್ವ ಶಿಳ್ಳೇಕ್ಯಾತರಿಗೆ 2025ರಲ್ಲಿ ಪದ್ಮಶ್ರೀ ಸಂದಿತು. ಆಗ ಅವರ ವಯಸ್ಸು 90 ದಾಟಿತ್ತು. ಗೌರವ ಸಂದದ್ದು ಸಂತೋಷವೇ. ಆದರೆ ಆ ಸುದ್ದಿಯನ್ನು ಓದಿ ಹೆಮ್ಮೆಪಟ್ಟ ನಾವೆಷ್ಟು ಮಂದಿ ಒಂದು ರಾತ್ರಿ ಪರದೆಯ ಮುಂದೆ ಕುಳಿತಿದ್ದೇವೆ? ಈ ಪ್ರಶ್ನೆಯನ್ನು ಮೊದಲು ನನಗೇ ಹಾಕಿಕೊಂಡು ನಾಚಿದ್ದೇನೆ.

ಕಲೆಯನ್ನು ಹಾಗೆಯೇ ಕಾಪಾಡಬೇಕೆಂಬ ಹಂಬಲದಲ್ಲಿ ನಾವು ಅದನ್ನು ವಸ್ತುಸಂಗ್ರಹಾಲಯಕ್ಕೆ ಒಪ್ಪಿಸಿಬಿಡುತ್ತೇವೆ. ಜಾವಾದವರು ಅದನ್ನು ಸಂತೆಯಲ್ಲಿ ನಿಲ್ಲಿಸಿ ಮಾತನಾಡಿಸುತ್ತಾರೆ. ಮೊಬೈಲನ್ನು ಹಳಿಯುವುದರಿಂದ ಫಲವಿಲ್ಲ. ಅಜ್ಜ ಭೀಮನನ್ನು ಗುರುತಿಸಿದ್ದು ಆ ಪುಟ್ಟ ಪರದೆಯಲ್ಲಿಯೇ ಅಲ್ಲವೇ? ನಮ್ಮ ಶಾಲೆ ಕಾಲೇಜುಗಳ ಅಧ್ಯಾಪಕರಲ್ಲಿ ನನ್ನದೊಂದು ಬಿನ್ನಹ: ವರ್ಷಕ್ಕೊಮ್ಮೆ ಗೊಂಬೆಯಾಟದ ಮೇಳವೊಂದನ್ನು ಸಂಭಾವನೆಯಿತ್ತು ಬರಮಾಡಿಕೊಳ್ಳಿರಿ. ಕಿಳ್ಳೇಕ್ಯಾತ ಈ ವರ್ಷದ ಮಳೆ, ಬೆಲೆ, ಚುನಾವಣೆಗಳನ್ನು ಕುರಿತು ನಮ್ಮ ಊರಿನ ಕನ್ನಡದಲ್ಲಿಯೇ ಮಾತನಾಡಲಿ. ಹುಡುಗರು ಅದನ್ನು ಚಿತ್ರೀಕರಿಸಿಕೊಂಡರೆ ತಡೆಯಬೇಡಿರಿ. ಮೋರನಾಳದ ಗೊಂಬೆಯನ್ನು ಜಾವಾದ ಅಜ್ಜನೊಬ್ಬನೂ ಗುರುತಿಸುವಂತಾಗಲಿ.