ಚಂದ್ರಿಯ ಪಾತ್ರಧಾರಿಣಿ

ಮೃತ ನಾರಣಪ್ಪನ ಶವಸಂಸ್ಕಾರಕ್ಕೆ ಅಗ್ರಹಾರವೇ ಹಿಂಜರಿದಾಗ ತನ್ನ ಒಡವೆಗಳನ್ನೆಲ್ಲ ಕಳಚಿ ಆಚಾರ್ಯರ ಮುಂದಿರಿಸುವ ಚಂದ್ರಿಯ ಅಂತಃಕರಣವನ್ನು, ‘ಸಂಸ್ಕಾರ’ ಚಿತ್ರದಲ್ಲಿ ಸ್ನೇಹಲತಾ ರೆಡ್ಡಿಯವರು ಮಾತಿಗಿಂತ ಮಿಗಿಲಾಗಿ ನೋಟದಿಂದಲೇ ಅಭಿವ್ಯಕ್ತಗೊಳಿಸಿದ ಪರಿ ಕನ್ನಡ ಚಿತ್ರರಂಗಕ್ಕೆ ಅಂದು ಅಪೂರ್ವವಾದುದಾಗಿದ್ದಿತು. ಮದರಾಸಿನ ರಂಗಭೂಮಿಯಲ್ಲಿ ಪಳಗಿದ ಈ ಕಲಾವಿದೆ, ಪತಿ ಪಟ್ಟಾಭಿರಾಮ ರೆಡ್ಡಿಯವರೇ ನಿರ್ದೇಶಿಸಿದ, ಸೆನ್ಸಾರ್ ಮಂಡಳಿಯ ನಿಷೇಧವನ್ನು ದಾಟಿ 1970ರ ರಾಷ್ಟ್ರಪ್ರಶಸ್ತಿಯನ್ನು ಗಳಿಸಿದ ಆ ಚಿತ್ರದ ತರುವಾಯ ಅಭಿನಯಿಸಿದ್ದು ಕೆಲವೇ ಚಿತ್ರಗಳಲ್ಲಿ. ಸಂಖ್ಯೆ ಅಲ್ಪವಾದರೇನು, ಚಂದ್ರಿಯೊಬ್ಬಳೇ ಸಾಕು. ತುರ್ತುಪರಿಸ್ಥಿತಿಯ ಕಾಲದಲ್ಲಿ, 1976ರಲ್ಲಿ, ಬಂಧಿತರಾಗಿ, ಬೆಂಗಳೂರಿನ ಕಾರಾಗೃಹದಲ್ಲಿ ಉಬ್ಬಸದಿಂದ ನರಳುತ್ತ ತಿಂಗಳುಗಳನ್ನು ಕಳೆದು, ಪೆರೋಲ್ ಮೇಲೆ ಹೊರಬಂದ ಕೆಲವೇ ದಿನಗಳಲ್ಲಿ, 1977ರ ಜನವರಿಯಲ್ಲಿ, ಅವರು ತೀರಿಕೊಂಡರು. ಸೆರೆಮನೆಯಲ್ಲಿ ಅವರು ಬರೆದಿರಿಸಿದ ದಿನಚರಿ ಉಳಿದಿದೆ.