ಚಪ್ಪಟೆ ಮೂಗಿನ ಬೆಲೆ

ಹೆಣ್ಣು ನೋಡಲು ಬಂದವರು ಉಪ್ಪಿಟ್ಟು ತಿಂದು, ಕಾಫಿ ಕುಡಿದು, ಹುಡುಗಿಯ ಮೂಗು ಚಪ್ಪಟೆಯೆಂದು ಎದ್ದು ಹೋದ ಕತೆ ನಮ್ಮ ಮೈಸೂರಿನ ಎಷ್ಟು ಮನೆಗಳಲ್ಲಿಲ್ಲ! ಅದೇ ಜನ ನಾಯಿ ಕೊಳ್ಳಲು ಹೊರಟರೆ ಮಾತ್ರ ಚಪ್ಪಟೆ ಮೂಗೇ ಬೇಕು, ಅದೂ ಸಾವಿರಾರು ರೂಪಾಯಿ ಸುರಿದು.

2003ರಲ್ಲಿ ಹಚ್ ಮೊಬೈಲ್ ಕಂಪನಿಯ ಜಾಹೀರಾತಿನಲ್ಲಿ ಪಗ್ ನಾಯಿಯೊಂದು ಪುಟ್ಟ ಹುಡುಗನ ಹಿಂದೆ ಹಿಂದೆಯೇ ಓಡಿತು. ಹಚ್ ಎಂಬ ಹೆಸರು ಅಳಿಸಿ ಎಷ್ಟೋ ವರ್ಷವಾಯಿತು. ಪಗ್ ಹುಚ್ಚು ಮಾತ್ರ ಕುವೆಂಪುನಗರ, ಸರಸ್ವತಿಪುರಂಗಳಲ್ಲಿ ಇನ್ನೂ ಇಳಿದಿಲ್ಲ.

"ನಮ್ಮ ಪುಟ್ಟ ಎಷ್ಟು ಮುದ್ದಾಗಿ ಗೊರಕೆ ಹೊಡೀತಾನೆ ಗೊತ್ತೇನ್ರೀ?" ಎಂದು ಯಾರಾದರೂ ಹೇಳಿದರೆ ನನಗೆ ಸುಮ್ಮನಿರಲಾಗುವುದಿಲ್ಲ. ಅದು ಮುದ್ದಲ್ಲ ತಾಯಿ, ಉಸಿರು ಕಟ್ಟುವ ಸದ್ದು. ಮನುಷ್ಯ ತನ್ನ ಕಣ್ಣಿನ ಚಪಲಕ್ಕೆ ಈ ನಾಯಿಗಳ ಮುಖದ ಮೂಳೆಯನ್ನು ತಲೆಮಾರಿನಿಂದ ತಲೆಮಾರಿಗೆ ಗಿಡ್ಡ ಮಾಡುತ್ತ ಬಂದ. ಒಳಗಿನ ಮಾಂಸ ಅದಕ್ಕೆ ತಕ್ಕಂತೆ ಕುಗ್ಗಲಿಲ್ಲ. ಮೂಗಿನ ಹೊಳ್ಳೆ ಬರಿಯ ಸೀಳು. ಉದ್ದವಾಗಿ ಉಳಿದ ಮೆತ್ತನೆಯ ಅಂಗುಳ ಗಂಟಲಿಗೆ ಅಡ್ಡ. ನಾಯಿಗೆ ನಮ್ಮಂತೆ ಮೈಯೆಲ್ಲ ಬೆವರುವುದಿಲ್ಲ, ತೇಕಿಯೇ ಮೈ ತಣಿಸಿಕೊಳ್ಳಬೇಕು. ತೇಕಲಿಕ್ಕೂ ದಾರಿಯಿಲ್ಲದಿದ್ದರೆ ಏಪ್ರಿಲ್ ಬಿಸಿಲಿನಲ್ಲಿ ಅದರ ಗತಿಯೇನು?

ಈಗಾಗಲೇ ಮನೆಯಲ್ಲಿರುವ ನಾಯಿಗೆ ಚಿಕಿತ್ಸೆ ಕೊಡಿಸಿ. ಹೊಳ್ಳೆ ಅಗಲ ಮಾಡುವ, ಹೆಚ್ಚಾದ ಅಂಗುಳ ಕತ್ತರಿಸುವ ಆಪರೇಷನ್ ಇದೆ. ಗಂಟಲು ಪೂರ್ತಿ ಸೋಲುವ ಮೊದಲೇ ಮಾಡಿಸಿದರೆ ಗುಣ ಹೆಚ್ಚು. ಇಂಥ ನಾಯಿಗೆ ಅರಿವಳಿಕೆ ಕೊಡುವುದು ನಾಜೂಕಿನ ಕೆಲಸ, ಅನುಭವವಿರುವ ವೈದ್ಯರನ್ನೇ ಹುಡುಕಿ. ಬೊಜ್ಜು ಉಸಿರಿನ ಶತ್ರು. ಬಿಸ್ಕತ್ತು, ಮೈಸೂರುಪಾಕಿನ ಪ್ರೀತಿ ಸಾಕು. ಕುತ್ತಿಗೆಗೆ ಬೆಲ್ಟು ಬಿಗಿಯದೆ ಎದೆಗೆ ಹಾರ್ನೆಸ್ ಹಾಕಿ. ನಾಲಿಗೆ ನೀಲಿಗಟ್ಟಿದರೆ ಬೆಳಗಾಗಲೆಂದು ಕಾಯಬೇಡಿ.

"ಆಪರೇಷನ್ ಇದೆಯಲ್ಲ, ಮತ್ತೇನು?" ಎನ್ನುವವರಿದ್ದಾರೆ. ಆಪರೇಷನ್ ಕಷ್ಟ ಇಳಿಸುತ್ತದೆ, ಕಿತ್ತುಕೊಂಡ ಮೂಗನ್ನು ಮರಳಿ ಕೊಡುವುದಿಲ್ಲ. ಹುಟ್ಟಿಸುವಾಗ ಮೂಗು ಮುಚ್ಚಿ, ಬೆಳೆದ ಮೇಲೆ ತೂತು ಕೊರೆಯುವುದು ಯಾವ ಸೀಮೆ ನ್ಯಾಯ? ಮೂತಿಯ ಉದ್ದ ತಲೆಬುರುಡೆಯ ಮೂರನೇ ಒಂದು ಭಾಗಕ್ಕಿಂತ ಕಡಿಮೆಯಿದ್ದರೆ ಅಂಥ ನಾಯಿಯಿಂದ ಮರಿ ಹಾಕಿಸಬಾರದೆಂದು ನೆದರ್ಲೆಂಡ್ 2019ರಲ್ಲೇ ಗೆರೆ ಎಳೆಯಿತು. ನಮ್ಮಲ್ಲಿ? 2024ರ ಮಾರ್ಚಿನಲ್ಲಿ ಕೇಂದ್ರ ಸರ್ಕಾರ 23 ತಳಿಗಳನ್ನು ಉಗ್ರವೆಂದು ನಿಷೇಧಿಸಹೊರಟಿತು. ಮರುತಿಂಗಳೇ ಕರ್ನಾಟಕ ಹೈಕೋರ್ಟು ಆ ಸುತ್ತೋಲೆಯನ್ನು ರದ್ದು ಮಾಡಿತು. ಮನುಷ್ಯನನ್ನು ಕಚ್ಚುವ ನಾಯಿಗಾಗಿ ಇಷ್ಟೆಲ್ಲ ಗದ್ದಲ. ಮನುಷ್ಯನಿಂದಾಗಿ ಉಸಿರಾಡಲಾಗದ ನಾಯಿಯ ಚಿಂತೆ ಯಾರಿಗೆ?

ನಮಗೇ ಇರಬೇಕು. ಹಟ ಹಿಡಿದು ನಾಯಿ ತರಿಸುವವರು ಮಕ್ಕಳು, ದುಡ್ಡು ಎಣಿಸಿ ಕೊಡುವವರು ಯಜಮಾನರು. ನಡುರಾತ್ರಿ ಅದು ಉಬ್ಬಸ ಪಡುವಾಗ ಎದ್ದು ಕೂರುವವರು ನಾವೇ ತಾನೆ? ಬೇಡವೆನ್ನುವ ಅಧಿಕಾರವೂ ನಮ್ಮದೇ. ನಾಯಿ ಬೇಕೇಬೇಕೆಂದರೆ ಬೀದಿಯ ಕೊನೆಯಲ್ಲಿ ಹುಟ್ಟಿದ ಕಂತ್ರಿ ಮರಿಯನ್ನು ಎತ್ತಿಕೊಂಡು ಬನ್ನಿ, ಲಸಿಕೆ ಹಾಕಿಸಿ. ಮೂತಿ ಉದ್ದ, ಉಸಿರು ಸರಾಗ. ಅದು ಕೇಳುವ ಬೆಲೆ ಒಂದು ಬಟ್ಟಲು ಮೊಸರನ್ನ.