ಬಾರ್ಬರಾ ಸ್ಟೀಲ್ ಅವರ ಮುಖ

ನಮ್ಮ ರಸಶಾಸ್ತ್ರ ಭಯಾನಕಕ್ಕೂ ಶೃಂಗಾರ, ಕರುಣಗಳ ಪಂಕ್ತಿಯಲ್ಲೇ ಮಣೆ ಹಾಕಿದೆ. ಸಿನಿಮಾ ವಿಮರ್ಶೆ ಅಷ್ಟು ಉದಾರವಾಗಿಲ್ಲ. ದೆವ್ವದ ಚಿತ್ರದಲ್ಲಿ ನಟಿ ಎಷ್ಟೇ ಚೆನ್ನಾಗಿ ಮಾಡಲಿ, ಹೊಗಳಿಕೆ ಮೇಕಪ್ಪಿಗೂ ಕ್ಯಾಮೆರಾಕ್ಕೂ ಸಂದುಬಿಡುತ್ತದೆ. ಈ ಸಂಚಿಕೆಯಲ್ಲಿ ಬಾರ್ಬರಾ ಸ್ಟೀಲ್ ಅವರನ್ನು ನೆನೆಯಲು ಅದೇ ಕಾರಣ.

1937ರಲ್ಲಿ ಇಂಗ್ಲೆಂಡಿನ ಬರ್ಕನ್‌ಹೆಡ್‌ನಲ್ಲಿ ಹುಟ್ಟಿದ ಸ್ಟೀಲ್ ಕಲಿತದ್ದು ಚಿತ್ರಕಲೆ. ಹೆಸರು ತಂದದ್ದು ಇಟಲಿ. ಮಾರಿಯೋ ಬಾವಾ 1960ರಲ್ಲಿ ತೆಗೆದ ‘ಬ್ಲ್ಯಾಕ್ ಸಂಡೇ’ಯಲ್ಲಿ ಅವರದು ಎರಡು ಪಾತ್ರ. ಒಬ್ಬಳು ಮಾಟಗಾತಿ ಆಸಾ. ಒಳಗೆಲ್ಲ ಮೊಳೆಗಳಿರುವ ಮುಖವಾಡವನ್ನು ಸುತ್ತಿಗೆಯಿಂದ ಅವಳ ಮುಖಕ್ಕೆ ಬಡಿದು ಕೊಲ್ಲುತ್ತಾರೆ. ಎರಡು ಶತಮಾನಗಳ ಬಳಿಕ ಮುಖವಾಡ ಕಳಚಿದಾಗ ಕಾಣುವುದು ತೂತು ಬಿದ್ದ ಮುಖ. ಇನ್ನೊಬ್ಬಳು ಅದೇ ವಂಶದ ಕಾತ್ಯಾ. ಪಾಳುಬಿದ್ದ ಪ್ರಾರ್ಥನಾಮಂದಿರದ ಬಳಿ ಕಪ್ಪು ಉಡುಪಿನಲ್ಲಿ, ಎರಡು ದೊಡ್ಡ ನಾಯಿಗಳನ್ನು ಹಿಡಿದು ನಿಂತಿರುತ್ತಾಳೆ. ಏನೂ ಮಾಡುವುದಿಲ್ಲ, ಬರೀ ನಿಂತಿರುತ್ತಾಳೆ. ಆದರೂ ಎದೆ ಝಲ್ಲೆನ್ನುತ್ತದೆ, ಈಗಷ್ಟೇ ನೋಡಿದ ಮುಖವೇ ಅದು. ಆಸಾಳ ಅಗಲ ಕಣ್ಣುಗಳಲ್ಲಿ ಹಗೆ ಉರಿಯುತ್ತದೆ. ಅದೇ ಕಣ್ಣುಗಳು ಕಾತ್ಯಾಳಲ್ಲಿ ತನಗೆ ಬರಲಿರುವುದನ್ನು ಬಲ್ಲವಳಂತೆ ದಣಿದಿರುತ್ತವೆ. ಬಾವಾ ಛಾಯಾಗ್ರಹಣದಲ್ಲಿ ಪಳಗಿದ ಕೈ, ನಿಜ. ಆದರೆ ಈ ವ್ಯತ್ಯಾಸವನ್ನು ಬೆಳಕೊಂದೇ ತಂದುಕೊಡಲಾರದು. ಬ್ರಿಟನ್ನಿನ ಸೆನ್ಸಾರ್ 1968ರವರೆಗೂ ಈ ಚಿತ್ರವನ್ನು ಬಿಡಲಿಲ್ಲ.

ಇಷ್ಟೆಲ್ಲ ಮಾಡಿದ ನಟಿಯ ದನಿ ನಮಗೆ ಕೇಳುವುದೇ ಇಲ್ಲ. ಇಟಲಿಯಲ್ಲಿ ಆಗ ಮಾತನ್ನು ಆಮೇಲೆ ಡಬ್ ಮಾಡುವುದೇ ರೂಢಿ. ಈ ಚಿತ್ರದ ಇಂಗ್ಲಿಷ್ ಅವತರಣಿಕೆಯಲ್ಲೂ ಬೇರೆಯವರ ಕಂಠವಿದೆ. ಅಮೆರಿಕದಲ್ಲಿ ರೋಜರ್ ಕಾರ್ಮನ್ ತೆಗೆದ ‘ದಿ ಪಿಟ್ ಅಂಡ್ ದಿ ಪೆಂಡ್ಯುಲಮ್’ನಲ್ಲೂ (1961) ಹಾಗೇ ಆಯಿತು. ನಟಿಯೊಬ್ಬರಿಂದ ಅರ್ಧ ಅಭಿನಯವನ್ನೇ ಕಿತ್ತುಕೊಂಡಂತೆ. ಉಳಿದರ್ಧದಲ್ಲೇ ಅವರು ರಿಕಾರ್ಡೋ ಫ್ರೇಡಾ, ಆಂಟೋನಿಯೋ ಮಾರ್ಗೆರಿಟಿ ಅವರ ಚಿತ್ರಗಳನ್ನು ಹೊತ್ತು ನಡೆದರು. ಫೆಲಿನಿಯ ‘8½’ರಲ್ಲಿ (1963) ಪಾತ್ರ ಸಣ್ಣದು. ಶವಪೆಟ್ಟಿಗೆಯ ಆಚೆಗೂ ಈ ನಟಿಗೆ ಜಾಗವಿದೆಯೆಂದು ಫೆಲಿನಿಗೆ ಹೊಳೆದದ್ದು ಉಳಿದ ನಿರ್ದೇಶಕರಿಗೆ ಯಾಕೆ ಹೊಳೆಯಲಿಲ್ಲವೋ!

ಮುಂದೆ ಕ್ರೋನೆನ್‌ಬರ್ಗ್‌ರ ‘ಶಿವರ್ಸ್’ನಲ್ಲಿ (1975) ನಟಿಸಿದರು, ಕಿರುತೆರೆಯಲ್ಲಿ ನಿರ್ಮಾಪಕಿಯೂ ಆದರು. ‘ವಾರ್ ಅಂಡ್ ರಿಮೆಂಬರೆನ್ಸ್’ ಧಾರಾವಾಹಿಗೆ ಎಮ್ಮಿ ಪ್ರಶಸ್ತಿ ಬಂದಾಗ ಅದರಲ್ಲಿ ಅವರ ಪಾಲೂ ಇತ್ತು. ರಯಾನ್ ಗಾಸ್ಲಿಂಗ್ ತಮ್ಮ ‘ಲಾಸ್ಟ್ ರಿವರ್’ಗೆ (2014) ಕರೆದಾಗ ಅವರಿಗೆ ಎಪ್ಪತ್ತು ದಾಟಿತ್ತು. ಕೊಟ್ಟದ್ದು ಮಾತು ಬಿಟ್ಟ ಅಜ್ಜಿಯ ಪಾತ್ರ. ಅಲ್ಲಿ ಡಬ್ಬಿಂಗ್ ಕಲಾವಿದೆಗೆ ಕೆಲಸವಿರಲಿಲ್ಲ.